ನಿಲ್ಲಿಸುವ ಅಧಿಕಾರವನ್ನು ನನ್ನೊಬ್ಬರ ಕೈಯಲ್ಲಿ ಬಿಡಬೇಡಿ: ಸ್ಕೇಟಿಂಗ್ ಒಕ್ಕೂಟಕ್ಕೆ ಒಂದು ಬಹಿರಂಗ ಪತ್ರ

ಸ್ಕೇಟಿಂಗ್ ಒಕ್ಕೂಟದ ಅಧ್ಯಕ್ಷರಿಗೆ, ಆಯ್ಕೆ ಸಮಿತಿಯ ಸದಸ್ಯರಿಗೆ,

ನಮಸ್ಕಾರ.

ನಾನು ಫಿಗರ್ ಸ್ಕೇಟಿಂಗ್ ಕೋಚ್. ಹನ್ನೊಂದು ವರ್ಷದಿಂದ ಮಕ್ಕಳಿಗೆ ಕಲಿಸುತ್ತಿದ್ದೇನೆ. ಅದಕ್ಕೂ ಮೊದಲು ನಾನೇ ಸ್ಕೇಟರ್ ಆಗಿದ್ದೆ. ಹದಿನೇಳನೇ ವಯಸ್ಸಿನಲ್ಲಿ ಬೆನ್ನುಮೂಳೆಗೆ ಪೆಟ್ಟಾಗಿ ಬಿಡಬೇಕಾಯಿತು. ಕಳೆದ ಎರಡು ತಿಂಗಳಲ್ಲಿ ನಿಮ್ಮ ಕಚೇರಿಗೆ ಮೂರು ಸಲ ಬರೆದಿದ್ದೇನೆ. ಮೊದಲ ಎರಡು ಪತ್ರಕ್ಕೆ ಉತ್ತರ ಬರಲಿಲ್ಲ. ಮೂರನೆಯದಕ್ಕೆ ಒಂದೇ ಸಾಲು ಬಂತು. ನೋವಿರುವ ಸ್ಕೇಟರ್ ಐಸ್ ಮೇಲೆ ಇಳಿಯಬೇಕೋ ಬೇಡವೋ ಎನ್ನುವುದು ಕೋಚ್ ವಿವೇಚನೆಗೆ ಬಿಟ್ಟ ವಿಷಯ ಅಂತ.

ಆ ಸಾಲನ್ನು ಓದಿದ ಮೇಲೆ ಸುಮ್ನೆ ಇರಲು ಆಗಲಿಲ್ಲ. ಯಾಕಂದ್ರೆ ನೀವು ಹೇಳುವ ಆ ಕೋಚ್ ನಾನೇ, ಮತ್ತು ನನ್ನ ವಿವೇಚನೆ ಆ ವಾರ ಹೇಗೆ ಕೆಲಸ ಮಾಡಿತು ಅನ್ನುವುದನ್ನು ನಾನು ನೋಡಿದ್ದೇನೆ. ಅದನ್ನೇ ಇಲ್ಲಿ ಬರೆಯುತ್ತೇನೆ. ಓದಿ.

ನನ್ನ ಹತ್ತಿರ ಕಲಿಯುವ ಒಬ್ಬ ಹುಡುಗಿಗೆ ಹದಿಮೂರು ವರ್ಷ. ಒಂದು ವರ್ಷದಲ್ಲಿ ತುಂಬಾ ಎತ್ತರ ಬೆಳೆದಿದ್ದಾಳೆ, ಎರಡು ಸಲ ಬೂಟ್ ಬದಲಾಯಿಸಿದ್ದೇವೆ. ತರಬೇತಿ ಗುಂಪಿನಲ್ಲಿ ಯಾರು ಇರಬೇಕು ಅಂತ ತೀರ್ಮಾನಿಸುವ ನಿಮ್ಮ ಆಯ್ಕೆ ಟೆಸ್ಟ್‌ಗೆ ಮೂರು ವಾರ ಇದ್ದಾಗ ಅಭ್ಯಾಸದ ನಡುವೆ ಬಂದು, "ಬೆನ್ನು ಸ್ವಲ್ಪ ಹಿಡ್ಕೊಂಡಿದೆ" ಅಂದಳು. ಸೊಂಟದ ಹತ್ತಿರ, ಒಂದೇ ಬದಿಯಲ್ಲಿ, ಹಿಂದಕ್ಕೆ ಬಾಗಿದಾಗ ಜಾಸ್ತಿ. ಈ ಮೂರು ಮಾತು ಕೇಳಿದ ಯಾವ ಕೋಚ್ ಆದರೂ ಅಲ್ಲೇ ನಿಲ್ಲಿಸಬೇಕು. ನನಗೆ ಅದು ಎಲ್ಲರಿಗಿಂತ ಚೆನ್ನಾಗಿ ಗೊತ್ತಿರಬೇಕು. ನನ್ನ ನೋವೂ ಅಲ್ಲೇ, ಹಾಗೇ ಶುರುವಾಗಿತ್ತು.

ನಾನು ಅವಳಿಗೆ ಹೇಳಿದ್ದು ಏನು ಗೊತ್ತಾ? "ಟೆಸ್ಟ್ ಒಂದು ಮುಗೀಲಿ, ಆಮೇಲೆ ತೋರಿಸೋಣ."

ಅವಳು ತಲೆಯಾಡಿಸಿ ಐಸ್‌ಗೆ ವಾಪಸ್ ಹೋದಳು. ಇನ್ನೂ ನಾಲ್ಕು ದಿನ ಜಂಪ್ ಮಾಡಿದಳು. ನಾನು ಹೇಳಿದೆ ಅಂತ ಮಾಡಿದಳು.

ಐದನೇ ದಿನ ನಾನು ಬೋರ್ಡ್, ಅಂದರೆ ಐಸ್ ಅಂಗಳದ ಸುತ್ತಲಿನ ಅಡ್ಡಗೋಡೆ, ಅದರ ಹತ್ತಿರ ಬೆನ್ನು ಮಾಡಿ ನಿಂತು ಸಂಗೀತ ಬದಲಾಯಿಸುತ್ತಿದ್ದೆ. ಅವಳು ಡಬಲ್ ಆಕ್ಸೆಲ್, ಅಂದರೆ ಎರಡೂವರೆ ಸುತ್ತಿನ ಜಂಪ್, ಇಳಿದ ಸದ್ದು ಕೇಳಿಸಿತು. ಇಷ್ಟು ವರ್ಷ ರಿಂಕಿನಲ್ಲಿ ಕಳೆದವರಿಗೆ ಕಣ್ಣಿಗಿಂತ ಕಿವಿ ಮೊದಲು ಹೇಳುತ್ತದೆ. ಸರಿಯಾಗಿ ಇಳಿದರೆ ಬ್ಲೇಡಿನ ಮುಂತುದಿಯ ಹಲ್ಲು, ಟೋ ಪಿಕ್, ಚಿಕ್ಕದಾಗಿ ಟಕ್ ಅನ್ನುತ್ತದೆ, ಆಮೇಲೆ ಬ್ಲೇಡಿನ ಹೊರ ಅಂಚಿನ ಮೇಲೆ ಬಟ್ಟೆ ಹರಿದ ಹಾಗೆ ಉದ್ದಕ್ಕೆ ಒಂದು ಸದ್ದು. ಅವತ್ತು ಕೇಳಿಸಿದ್ದು ಧಪ್ ಅನ್ನುವ ಸದ್ದು, ಆಮೇಲೆ ಕೆರೆದ ಸದ್ದು. ತಿರುಗಿ ನೋಡಿದೆ. ಅವಳು ಬೋರ್ಡ್ ಹಿಡಿದು ನಿಂತಿದ್ದಳು. ಅಳುತ್ತಿರಲಿಲ್ಲ. ನಾನು ನೋಡುತ್ತಿದ್ದೇನಾ ಅಂತ ನೋಡುತ್ತಿದ್ದಳು, ನಾನು ನೋಡಿದ್ದು ಗೊತ್ತಾದ ಕೂಡಲೇ ಕೈ ಬಿಟ್ಟು ನೆಟ್ಟಗೆ ನಿಂತಳು.

ಆ ಕೈ ಬಿಟ್ಟದ್ದು ನನಗೆ ಇನ್ನೂ ಕಣ್ಣಿಗೆ ಕಟ್ಟಿದ ಹಾಗಿದೆ. ಹದಿನೇಳರಲ್ಲಿ ನಾನೂ ಹಾಗೇ ಬಿಟ್ಟಿದ್ದೆ.

ನನ್ನ ಕಥೆ ಬೇಗ ಹೇಳುತ್ತೇನೆ, ಅದು ಹಳೆಯದು. ಬೆನ್ನು ನೋವು ಅಂದಾಗ ನನ್ನ ಕೋಚ್ ಕೂಡ "ಸ್ಪರ್ಧೆ ಮುಗಿಯಲಿ, ಆಮೇಲೆ ನೋಡೋಣ" ಅಂದಿದ್ದರು. ಏಳು ವಾರ ಹಾಗೇ ಜಂಪ್ ಮಾಡಿದೆ. ನಡುವೆ ಒಂದು ಎಕ್ಸ್‌ರೇ ತೆಗೆಸಿದರು, ಏನೂ ಕಾಣಲಿಲ್ಲ, ಎಲ್ಲರಿಗೂ ಸಮಾಧಾನ ಆಯಿತು. ಮತ್ತೆ ಮತ್ತೆ ಭಾರ ಬಿದ್ದು ಮೂಳೆ ಸಣ್ಣಗೆ ಸೀಳುವ ಸ್ಟ್ರೆಸ್ ಫ್ರ್ಯಾಕ್ಚರ್ ಶುರುವಿನಲ್ಲಿ ಎಕ್ಸ್‌ರೇಯಲ್ಲಿ ಎಷ್ಟೋ ಸಲ ಕಾಣುವುದೇ ಇಲ್ಲ, ಅದಕ್ಕೆ ಎಂಆರ್‌ಐ ಬೇಕು ಅಂತ ನಮಗೆ ಯಾರೂ ಹೇಳಿರಲಿಲ್ಲ. ಕೊನೆಗೆ ಎಂಆರ್‌ಐ ಮಾಡಿಸಿದಾಗ ಸೊಂಟದ ಕೊನೆಯ ಮೂಳೆ ಎರಡೂ ಬದಿ ಸೀಳಿತ್ತು, ಸ್ವಲ್ಪ ಮುಂದಕ್ಕೂ ಜಾರಿತ್ತು. ಅಲ್ಲಿಗೆ ಮುಗಿಯಿತು. ಈಗಲೂ ಜಾಸ್ತಿ ಹೊತ್ತು ಐಸ್ ಮೇಲೆ ನಿಂತರೆ ಎಡಗಾಲು ಜೋಮು ಹಿಡಿಯುತ್ತದೆ.

ನನ್ನ ಕೋಚ್ ಕೆಟ್ಟವರಲ್ಲ. ಇದನ್ನು ಒತ್ತಿ ಹೇಳುತ್ತೇನೆ. ಅವರು ನನಗೆ ಎಡ್ಜ್, ಅಂದರೆ ಬ್ಲೇಡಿನ ಅಂಚಿನ ಮೇಲೆ ಜಾರುವುದನ್ನು, ಕಲಿಸಿದವರು, ಬೆಳಗಿನ ಜಾವ ನನಗಿಂತ ಮೊದಲೇ ರಿಂಕಿಗೆ ಬರುತ್ತಿದ್ದವರು. ಅವರ ಕೆಲಸ ಉಳಿಯುವುದು ನಮ್ಮ ಫಲಿತಾಂಶದ ಮೇಲೆ ನಿಂತಿತ್ತು. ಅವರು ನನ್ನ ನೋವನ್ನು ನಂಬಲಿಲ್ಲ ಅಂತಲ್ಲ, ನಂಬಿದರೆ ಏನು ಮಾಡಬೇಕಾಗುತ್ತದೆ ಅನ್ನುವ ಹೆದರಿಕೆ ಅವರಿಗೆ. ನಾನು ಕೋಚ್ ಆದ ದಿನ ಅಂದುಕೊಂಡಿದ್ದೆ, ನನ್ನ ಮಕ್ಕಳಿಗೆ ಈ ಮಾತು ಎಂದೂ ಹೇಳಲ್ಲ ಅಂತ. ಹನ್ನೊಂದು ವರ್ಷ ಹೇಳಲಿಲ್ಲ. ಟೆಸ್ಟ್ ಹತ್ತಿರ ಬಂತು, ಒಳ್ಳೆಯ ವಿದ್ಯಾರ್ಥಿ ಇದ್ದಳು, ಹೇಳಿಬಿಟ್ಟೆ. ಆ ಮೂಳೆ ಮುರಿದುಕೊಂಡ ನಾನೇ ಹೇಳಿದೆ ಅಂದರೆ, ಮುರಿದುಕೊಳ್ಳದ ಕೋಚ್ ಹೇಳುವುದರಲ್ಲಿ ಏನು ಆಶ್ಚರ್ಯ?

ಅದಕ್ಕೇ ಕೇಳುತ್ತಿದ್ದೇನೆ. ಈ ವಿವೇಚನೆಯನ್ನು ನನಗೆ ಕೊಡಬೇಡಿ. ನನ್ನಿಂದ ತೆಗೆದುಕೊಳ್ಳಿ.

ಮರುದಿನವೇ ಅವಳನ್ನು ಡಾಕ್ಟರ್ ಹತ್ತಿರ ಕಳಿಸಿದೆ, ಎಂಆರ್‌ಐ ಆಯಿತು. ಅದೇ ಜಾಗ. ಮೂಳೆ ಊದಿಕೊಂಡಿದೆ, ಇನ್ನೂ ಸೀಳಿಲ್ಲ. ಮೂರು ತಿಂಗಳು ಜಂಪ್ ಇಲ್ಲ, ಹಿಂದಕ್ಕೆ ಬಾಗುವ ಸ್ಪಿನ್ ಇಲ್ಲ, ಆಮೇಲೆ ನಿಧಾನವಾಗಿ ಶುರು ಮಾಡಬಹುದು ಅಂದರು. ನಾನು ಕುರ್ಚಿಯಲ್ಲಿ ಕೂತು ಲೆಕ್ಕ ಹಾಕುತ್ತಿದ್ದೆ. ನಾಲ್ಕು ದಿನ. ಇನ್ನು ಹದಿನೈದು ದಿನ ಹಾಗೇ ಬಿಟ್ಟಿದ್ದರೆ?

ಆಮೇಲೆ ನಿಮ್ಮ ಕಡೆಯಿಂದ ಆದದ್ದು ಇದು. ಡಾಕ್ಟರ್ ವರದಿ ಜೊತೆಗೆ ಟೆಸ್ಟ್‌ಗೆ ಬೇರೆ ದಿನಾಂಕ ಕೇಳಿದೆವು. ಇಲ್ಲ ಅಂದಿರಿ. ಟೆಸ್ಟ್ ದಿನ ಬರದವರ ಹೆಸರು ತಾನಾಗಿ ತರಬೇತಿ ಗುಂಪಿನಿಂದ ಹೋಗುತ್ತದೆ, ಅವಳ ಹೆಸರೂ ಹೋಯಿತು. ಗುಂಪಿನ ಜೊತೆಗೆ ಬೆಳಗಿನ ಐಸ್ ಹೊತ್ತೂ ಹೋಯಿತು. ಇನ್ನೊಂದು ಅವಕಾಶ ಬರುವ ವರ್ಷ. ಅದೇ ದಿನ ಜ್ವರ ಬಂದ ಇನ್ನೊಂದು ಮಗುವಿನ ಪಾಡೂ ಅದೇ ಆಯಿತು ಅಂತ ಕೇಳಿದೆ. ಆ ಹೊತ್ತಿಗೆ ಟೆಸ್ಟ್‌ಗೆ ಬಂದ ಮಕ್ಕಳಲ್ಲಿ ಇಬ್ಬರ ಪಾದಕ್ಕೆ ಬೂಟಿನೊಳಗೆ ಟೇಪ್ ಸುತ್ತಿದ್ದನ್ನು ನಾನೇ ಕಣ್ಣಾರೆ ನೋಡಿದೆ. ಅವರಿಬ್ಬರೂ ಆಯ್ಕೆಯಾದರು.

ಈಗ ಹೇಳಿ, ಮುಂದಿನ ವರ್ಷ ಯಾವ ಮಗು ನೋವು ಅಂತ ಬಾಯಿ ಬಿಡುತ್ತದೆ? ನಮ್ಮ ಹುಡುಗಿ ಹೇಳಿದಳು, ಹೆಸರು ಹೋಯಿತು. ಮುಚ್ಚಿಟ್ಟವರು ಉಳಿದರು. ಮಕ್ಕಳು ದಡ್ಡರಲ್ಲ, ಇದನ್ನು ಅವರು ಒಂದೇ ಸಲಕ್ಕೆ ಕಲಿಯುತ್ತಾರೆ.

ಬೇರೆ ದಿನಾಂಕ ಕೊಡುವುದು ಆಗದ ಕೆಲಸ ಅಂತ ಹೇಳಬೇಡಿ. ಈ ಆಟದಲ್ಲಿ ಅದಕ್ಕೆ ಹಿಂದಿನಿಂದಲೂ ಉದಾಹರಣೆ ಇದೆ. 1994ರಲ್ಲಿ ಅಮೆರಿಕದ ಸ್ಕೇಟರ್ ನ್ಯಾನ್ಸಿ ಕೆರಿಗನ್ ಮೊಣಕಾಲಿಗೆ ಏಟು ಬಿದ್ದು ರಾಷ್ಟ್ರೀಯ ಸ್ಪರ್ಧೆಗೆ ಇಳಿಯಲು ಆಗಲಿಲ್ಲ. ಆದರೂ ಅಮೆರಿಕ ಅವರನ್ನು ಲಿಲ್ಲೆಹ್ಯಾಮರ್ ಒಲಿಂಪಿಕ್ಸ್‌ಗೆ ಕಳಿಸಿತು, ಅವರು ಬೆಳ್ಳಿ ಗೆದ್ದರು. 2006ರಲ್ಲಿ ಅದೇ ದೇಶದ ಮಿಶೆಲ್ ಕ್ವಾನ್ ಗಾಯದಿಂದ ರಾಷ್ಟ್ರೀಯ ಸ್ಪರ್ಧೆ ತಪ್ಪಿಸಿಕೊಂಡಾಗ ಅವರಿಗೆ ಬೇರೆ ದಿನ ಒಂದು ಚಿಕ್ಕ ಸಮಿತಿಯ ಮುಂದೆ ಸ್ಕೇಟ್ ಮಾಡಿ ತೋರಿಸಲು ಅವಕಾಶ ಕೊಟ್ಟರು. ಟ್ಯೂರಿನ್ ಒಲಿಂಪಿಕ್ಸ್‌ಗೆ ಹೋದ ಮೇಲೆ ಮತ್ತೆ ನೋವಾಗಿ ಅವರೇ ಹಿಂದೆ ಸರಿದರು, ಅವರ ಜಾಗಕ್ಕೆ ಇನ್ನೊಬ್ಬರು ಹೋದರು. ಆಕಾಶ ಏನೂ ಬೀಳಲಿಲ್ಲ.

ಇನ್ನು ಜಪಾನಿನ ಸ್ಕೇಟರ್ ಯುಜುರು ಹಾನ್ಯು ವಿಷಯ. 2017ರ ನವೆಂಬರ್‌ನಲ್ಲಿ ಅಭ್ಯಾಸದಲ್ಲಿ ಕ್ವಾಡ್ ಲುಟ್ಜ್ ಅನ್ನುವ ನಾಲ್ಕು ಸುತ್ತಿನ ಜಂಪ್ ಮಾಡಲು ಹೋಗಿ ಬಿದ್ದು ಬಲಗಾಲಿನ ಹಿಮ್ಮಡಿ ಗಂಟಿಗೆ ಪೆಟ್ಟು ಮಾಡಿಕೊಂಡರು. 2018ರ ಫೆಬ್ರವರಿಯಲ್ಲಿ ಪ್ಯೋಂಗ್‌ಚಾಂಗ್ ಒಲಿಂಪಿಕ್ಸ್‌ನಲ್ಲಿ ಚಿನ್ನ ಗೆದ್ದರು. ನಮ್ಮ ಟೆಸ್ಟ್ ದಿನ ನಿಮ್ಮಲ್ಲೇ ಒಬ್ಬರು ಮಕ್ಕಳಿಗೆ ಈ ಕಥೆ ಹೇಳಿದರು, ನೋಡಿ, ನೋವಿದ್ದರೂ ಗೆದ್ದರು ಅಂತ. ಅರ್ಧ ಕಥೆ ಹೇಳಬೇಡಿ ದಯವಿಟ್ಟು. ನಡುವಿನ ಡಿಸೆಂಬರ್‌ನಲ್ಲಿ ಜಪಾನಿನ ರಾಷ್ಟ್ರೀಯ ಸ್ಪರ್ಧೆಗೆ ಹಾನ್ಯು ಇಳಿಯಲೇ ಇಲ್ಲ. ವಾರಗಟ್ಟಲೆ ಐಸ್‌ನಿಂದ ದೂರ ಇದ್ದರು. ಅಲ್ಲಿನ ಒಕ್ಕೂಟ ಅವರ ಹಳೆಯ ಸಾಧನೆ ನೋಡಿ ಜಾಗ ಉಳಿಸಿತು. ಒಕ್ಕೂಟ ಕಾದದ್ದರಿಂದ ಅವರು ಗೆದ್ದರು. ಮಕ್ಕಳಿಗೆ ಈ ಭಾಗವನ್ನೂ ಹೇಳಿ.

ಹೆಸರು ಮಾಡಿದವರಿಗೆ ಇರುವ ಬಾಗಿಲು ಹದಿಮೂರರ ಮಗುವಿಗೆ ಯಾಕೆ ಇಲ್ಲ? ಹಾನ್ಯುಗೆ ಆಗ ಇಪ್ಪತ್ತಮೂರು ವರ್ಷ, ಮೂಳೆ ಬಲಿತಿತ್ತು. ಇವಳ ಮೂಳೆ ಇನ್ನೂ ಬೆಳೆಯುತ್ತಿದೆ. ಕಾಯಬೇಕಾದ್ದು ಇವಳಿಗೆ ಜಾಸ್ತಿ, ಅಲ್ವಾ?

ನಿಮ್ಮಲ್ಲಿ ಎಲ್ಲರೂ ಸ್ಕೇಟ್ ಮಾಡಿದವರಲ್ಲ ಅಂತ ಗೊತ್ತು, ಹಾಗಾಗಿ ಸ್ವಲ್ಪ ವಿವರವಾಗಿ ಹೇಳುತ್ತೇನೆ. ಒಂದು ಜಂಪ್‌ನಲ್ಲಿ ಸ್ಕೇಟರ್ ಗಾಳಿಯಲ್ಲಿ ಇರುವುದು ಒಂದು ಸೆಕೆಂಡಿಗಿಂತ ಕಡಿಮೆ ಹೊತ್ತು. ಅಷ್ಟರಲ್ಲಿ ಎರಡು ಸುತ್ತೋ ಮೂರು ಸುತ್ತೋ ತಿರುಗಿ ಒಂದೇ ಕಾಲಿನ ಮೇಲೆ, ಹಿಂದಕ್ಕೆ ಜಾರುತ್ತಾ, ಹೊರ ಅಂಚಿನ ಮೇಲೆ ಇಳಿಯಬೇಕು. ಎಡಕ್ಕೆ ತಿರುಗುವವರು ಎಲ್ಲ ಜಂಪನ್ನೂ ಇಳಿಯುವುದು ಬಲಗಾಲಿನ ಮೇಲೆ, ಯಾವಾಗಲೂ ಅದೇ ಕಾಲು. ಇಳಿಯುವಾಗ ಬೀಳುವ ಭಾರ ಮೈತೂಕದ ಐದರಿಂದ ಎಂಟು ಪಟ್ಟು. ಬೂಟ್ ಗಟ್ಟಿ, ಹಿಮ್ಮಡಿ ಗಂಟು ಸರಿಯಾಗಿ ಮಡಚುವುದಿಲ್ಲ, ಹಾಗಾಗಿ ಆ ಪೆಟ್ಟು ಕಾಲಿನಲ್ಲೇ ಉಳಿಯದೆ ಮೊಣಕಾಲಿಗೆ, ಸೊಂಟಕ್ಕೆ, ಬೆನ್ನಿಗೆ ಏರುತ್ತದೆ. ಒಂದು ಸಲಕ್ಕೆ ಏನೂ ಆಗಲ್ಲ. ಆದರೆ ನಮ್ಮ ಹುಡುಗಿ ಟೆಸ್ಟ್ ಹತ್ತಿರ ಬಂದಾಗ ದಿನಕ್ಕೆ ಎಷ್ಟು ಜಂಪ್ ಮಾಡುತ್ತಿದ್ದಳು ಅಂತ ಹಳೆಯ ವಿಡಿಯೋ ನೋಡಿ ಎಣಿಸಿದೆ. ಒಂದು ದಿನ ಎಪ್ಪತ್ತೆರಡು. ನಾನು ನಲವತ್ತು ಇರಬಹುದು ಅಂದುಕೊಂಡಿದ್ದೆ. ಪಕ್ಕದಲ್ಲೇ ನಿಂತಿದ್ದ ನನಗೇ ಲೆಕ್ಕ ತಪ್ಪಿತ್ತು.

ಮೊದಲು ಹೀಗಿರಲಿಲ್ಲ. 1990ರವರೆಗೆ ಸ್ಪರ್ಧೆಯಲ್ಲಿ ಕಂಪಲ್ಸರಿ ಫಿಗರ್ಸ್ ಇತ್ತು. ಐಸ್ ಮೇಲೆ ಎಂಟರ ಆಕಾರ ಬರೆದು ಅದೇ ಗೆರೆಯ ಮೇಲೆ ಮತ್ತೆ ಮತ್ತೆ ಹೋಗಬೇಕು. ನೋಡುವವರಿಗೆ ಬೇಜಾರು, ಟಿವಿಗೆ ಬೇಡವಾಯಿತು, ತೆಗೆದರು. ಸರಿ. ಆದರೆ ಮಕ್ಕಳು ಗಂಟೆಗಟ್ಟಲೆ ಮಾಡುತ್ತಿದ್ದ ಆ ಅಭ್ಯಾಸದಲ್ಲಿ ಪೆಟ್ಟು ಬೀಳುತ್ತಿರಲಿಲ್ಲ. ಆ ಹೊತ್ತೆಲ್ಲ ಈಗ ಜಂಪ್‌ಗೆ ಹೋಗಿದೆ.

ಅಂಕದ ಲೆಕ್ಕವೂ ಮಕ್ಕಳನ್ನು ಅತ್ತಲೇ ತಳ್ಳುತ್ತದೆ. 2018ರಲ್ಲಿ ಬಂದ ಅಂಕಪಟ್ಟಿಯಲ್ಲಿ ಡಬಲ್ ಆಕ್ಸೆಲ್‌ಗೆ ಮೂಲ ಅಂಕ 3.30. ಕ್ವಾಡ್ ಟೋ ಲೂಪ್‌ಗೆ 9.50. ಪೂರ್ತಿ ನಾಲ್ಕು ಸುತ್ತು ತಿರುಗಿ ಬಿದ್ದರೆ ಗುಣಮಟ್ಟದ ಲೆಕ್ಕದಲ್ಲಿ ಮೂಲ ಅಂಕದ ಅರ್ಧ, ಅಂದರೆ 4.75, ಹೋಗುತ್ತದೆ, ಬಿದ್ದದ್ದಕ್ಕೆ ಇನ್ನೊಂದು ಅಂಕ ಹೋಗುತ್ತದೆ. ಆದರೂ 3.75 ಉಳಿಯುತ್ತದೆ. ಅಂದರೆ ತಪ್ಪಿಲ್ಲದೆ ಇಳಿದ ಡಬಲ್ ಆಕ್ಸೆಲ್‌ನ ಮೂಲ ಅಂಕಕ್ಕಿಂತ ಬಿದ್ದ ಕ್ವಾಡ್ ಮೇಲು. ಅಪ್ಪ ಅಮ್ಮಂದಿರು ಈ ಲೆಕ್ಕವನ್ನು ನನ್ನ ಮುಂದೆ ಕಾಗದದ ಮೇಲೆ ಹಾಕಿ ತೋರಿಸಿದ್ದಾರೆ. ಅಂಕಪಟ್ಟಿ ನಿಮ್ಮ ಕೈಯಲ್ಲಿಲ್ಲ, ಅದನ್ನು ಮಾಡುವುದು ಅಂತರರಾಷ್ಟ್ರೀಯ ಸ್ಕೇಟಿಂಗ್ ಒಕ್ಕೂಟ, ಒಪ್ಪುತ್ತೇನೆ. ಆದರೆ ಆಯ್ಕೆ ಟೆಸ್ಟ್ ನಿಮ್ಮದೇ. ಅದರಲ್ಲಿ ಹೊಸ ಜಂಪ್ ತೋರಿಸಿದವರಿಗೆ ಹೆಚ್ಚುವರಿ ಅಂಕ ಇಟ್ಟದ್ದು ನೀವೇ.

ನಿಮ್ಮ ಕಾರ್ಯದರ್ಶಿ ಫೋನಿನಲ್ಲಿ ನನಗೆ ಹೇಳಿದರು, "ವಯಸ್ಸಿನ ನಿಯಮ ಬದಲಾಗಿದೆಯಲ್ಲ, ಇನ್ನೇನು ಬೇಕು?" ಅಂತ. ಹೌದು, 2022ರಲ್ಲಿ ತೀರ್ಮಾನ ಮಾಡಿ ಸೀನಿಯರ್ ಸ್ಪರ್ಧೆಯ ಕನಿಷ್ಠ ವಯಸ್ಸನ್ನು ಹದಿನೈದರಿಂದ ಹಂತ ಹಂತವಾಗಿ ಹದಿನೇಳಕ್ಕೆ ಏರಿಸಿದರು. ತುಂಬಾ ಒಳ್ಳೆಯ ಕೆಲಸ, ತಡವಾಗಿಯಾದರೂ ಆಯಿತು. ತಾರಾ ಲಿಪಿನ್‌ಸ್ಕಿ 1998ರಲ್ಲಿ ಹದಿನೈದಕ್ಕೆ ಒಲಿಂಪಿಕ್ ಚಿನ್ನ ಗೆದ್ದರು, 2000ರಲ್ಲಿ ಸೊಂಟದ ಕೀಲಿಗೆ ಆಪರೇಷನ್ ಆಯಿತು. ಯೂಲಿಯಾ ಲಿಪ್ನಿಟ್ಸ್ಕಾಯಾ 2014ರ ಸೋಚಿಯಲ್ಲಿ ಹದಿನೈದರ ಹುಡುಗಿ, ತಂಡದ ಚಿನ್ನ ಗೆದ್ದರು, ಹತ್ತೊಂಬತ್ತಕ್ಕೆ ಆಟ ಬಿಟ್ಟರು. ಆದರೆ ವಯಸ್ಸಿನ ನಿಯಮ ಸ್ಪರ್ಧೆಯ ಬಾಗಿಲಲ್ಲಿ ಮಾತ್ರ ಕೆಲಸ ಮಾಡುತ್ತದೆ. ಅಭ್ಯಾಸದ ರಿಂಕಿನಲ್ಲಿ ಹನ್ನೊಂದರ ಮಗು ದಿನಕ್ಕೆ ಎಷ್ಟು ಸಲ ನೆಲಕ್ಕೆ ಬೀಳುತ್ತದೆ ಅಂತ ಅದು ಕೇಳುವುದಿಲ್ಲ. ಹದಿನೇಳಕ್ಕೆ ಸೀನಿಯರ್ ಆಗಬಹುದು ಅಂತ ನೀವು ಹೇಳುವ ಹೊತ್ತಿಗೆ ನಾನು ಮುಗಿದುಹೋಗಿದ್ದೆ.

ನಾನು ಕೇಳುವುದು ದೊಡ್ಡದಲ್ಲ.

ಮೊದಲನೆಯದಾಗಿ, ಮಗು ನೋವು ಅಂತ ಹೇಳಿದರೆ ಮುಂದಿನ ತೀರ್ಮಾನ ಕೋಚ್‌ದೂ ಅಲ್ಲ, ಮನೆಯವರದೂ ಅಲ್ಲ ಅಂತ ನಿಯಮ ಬರೆಯಿರಿ. ಕ್ರೀಡಾ ಗಾಯ ಗೊತ್ತಿರುವ ಒಬ್ಬ ಡಾಕ್ಟರ್ ಅಥವಾ ಫಿಸಿಯೋ ನೋಡಿ ಸರಿ ಅನ್ನುವವರೆಗೆ ಜಂಪ್ ಬೇಡ. ಅವರು ನನಗೆ ಬೇಕಾದವರು ಆಗಿರಬಾರದು, ನನ್ನ ಫಲಿತಾಂಶದಿಂದ ಅವರಿಗೆ ಲಾಭವೂ ನಷ್ಟವೂ ಇರಬಾರದು. ಮಗು ನೇರವಾಗಿ ಅವರ ಹತ್ತಿರ ಹೋಗಿ ಹೇಳುವ ಹಾಗಿರಬೇಕು, ನನ್ನನ್ನು ದಾಟಿಕೊಂಡು. ಕೆಲವು ಕೋಚ್‌ಗಳಿಗೆ ಇದು ಅವಮಾನ ಅನ್ನಿಸಬಹುದು. ನನಗೂ ಒಂದು ಕಾಲದಲ್ಲಿ ಅನ್ನಿಸುತ್ತಿತ್ತೇನೋ. ಈಗ ಇಲ್ಲ. ನನ್ನ ಎದುರು ಬೋರ್ಡ್‌ನಿಂದ ಕೈ ತೆಗೆದ ಮಗು, ಗುರುತು ಪರಿಚಯ ಇಲ್ಲದ ಡಾಕ್ಟರ್ ಎದುರು ಎಲ್ಲಿ ನೋವು ಅಂತ ಬೆರಳಿಟ್ಟು ತೋರಿಸಿದ್ದನ್ನು ನೋಡಿದ ಮೇಲೆ ಇಲ್ಲ.

ಗಾಯದ ವರದಿ ತಂದವರಿಗೆ ಟೆಸ್ಟ್‌ಗೆ ಎರಡನೇ ದಿನಾಂಕ ಕೊಡಿ. ಚೇತರಿಸಿಕೊಳ್ಳುವವರೆಗೆ ಗುಂಪಿನಲ್ಲಿ ಹೆಸರಿರಲಿ, ಐಸ್ ಹೊತ್ತೂ ಇರಲಿ. ಜಂಪ್ ಮಾಡದ ಮಗುವಿಗೂ ಐಸ್ ಬೇಕು. ಎಡ್ಜ್ ಇದೆ, ಸ್ಟೆಪ್ ಇದೆ, ಸಂಗೀತಕ್ಕೆ ಮೈ ಬಿಡುವುದು ಇದೆ, ಹೊಸ ಜಂಪ್‌ನ ಓಟದಲ್ಲಿ ಕಲಿಯಲು ಪುರಸೊತ್ತಾಗದ ಎಷ್ಟೋ ವಿಷಯ ಇದೆ. ಇದು ಕೊಟ್ಟರೆ ಮಾತ್ರ ಮಕ್ಕಳು ನಿಜ ಹೇಳುತ್ತಾರೆ. ಇದು ಇಲ್ಲದೆ ಮೊದಲನೆಯ ನಿಯಮ ಬರೆದರೆ ಮಕ್ಕಳು ಇನ್ನೂ ಚೆನ್ನಾಗಿ ಮುಚ್ಚಿಡುವುದನ್ನು ಕಲಿಯುತ್ತಾರೆ, ಅಷ್ಟೇ.

ಜಂಪ್ ಎಣಿಸುವ ಒಂದು ಪುಸ್ತಕ ಪ್ರತಿ ಗುಂಪಿಗೂ ಇರಲಿ. ನಾನು ಶುರು ಮಾಡಿದ್ದೇನೆ, ಒಂದು ನೋಟ್‌ಬುಕ್, ಒಂದು ಪೆನ್ಸಿಲ್. ಸರದಿಯ ಮೇಲೆ ಒಬ್ಬ ಅಪ್ಪನೋ ಅಮ್ಮನೋ ಕೂತು ಗೆರೆ ಎಳೆಯುತ್ತಾರೆ. ಎತ್ತರ ಬೇಗ ಬೆಳೆಯುತ್ತಿರುವ ಮಕ್ಕಳಿಗೆ ಆ ತಿಂಗಳುಗಳಲ್ಲಿ ಸಂಖ್ಯೆ ಕಡಿಮೆ ಮಾಡಿದ್ದೇನೆ. ಕೆಲವರು ಗೊಣಗಿದರು, ಆಮೇಲೆ ಅಭ್ಯಾಸ ಆಯಿತು.

ಇನ್ನೊಂದು, ಕೋಚ್ ಲೈಸೆನ್ಸ್ ಕೋರ್ಸ್ ಬಗ್ಗೆ. ನಾನು ಮಾಡಿದ ಕೋರ್ಸ್‌ನಲ್ಲಿ ಅಂಕಪಟ್ಟಿಯ ಪಾಠಕ್ಕೆ ಎರಡು ದಿನ ಕೊಟ್ಟರು, ಗಾಯದ ಪಾಠಕ್ಕೆ ಒಂದು ಮಧ್ಯಾಹ್ನ. ಆ ಮಧ್ಯಾಹ್ನವೂ ಬಿದ್ದವರಿಗೆ ಐಸ್ ಪ್ಯಾಕ್ ಹೇಗೆ ಇಡಬೇಕು ಅನ್ನುವುದರಲ್ಲೇ ಕಳೆಯಿತು. ಗಾಯದಿಂದ ಆಟ ಬಿಟ್ಟವರನ್ನು ಕರೆಸಿ ಮಾತಾಡಿಸಿ. ನಮ್ಮಲ್ಲಿ ತುಂಬಾ ಜನ ಇದ್ದೇವೆ. ಸ್ಟೆಫಾನ್ ಲಾಂಬಿಯೆಲ್ ಎರಡು ಸಲ ವಿಶ್ವ ಚಾಂಪಿಯನ್, 2008ರಲ್ಲಿ ತೊಡೆಯ ಗಾಯದಿಂದ ನಿವೃತ್ತಿ ಹೇಳಿದರು, ಮತ್ತೆ ಬಂದು 2010ರ ಒಲಿಂಪಿಕ್ಸ್ ಆಡಿದರು, ಆಮೇಲೆ ಕೋಚ್ ಆದರು. ಅವರ ಹತ್ತಿರ ಕಲಿತ ಶೋಮಾ ಉನೊ 2022 ಮತ್ತು 2023ರಲ್ಲಿ ವಿಶ್ವ ಚಾಂಪಿಯನ್. ನೋವು ಉಂಡವರಿಗೆ ಕಲಿಸಲು ಬರುತ್ತದೆ. ನನಗೆ ಈಗ ಒಂದು ಜಂಪ್ ಕೂಡ ಮಾಡಿ ತೋರಿಸಲು ಆಗಲ್ಲ. ಹಾಗಾಗಿ ಬಾಯಲ್ಲಿ ಹೇಳಬೇಕು, ಕೈಯಲ್ಲಿ ಭುಜ ತಿರುಗಿಸಿ ತೋರಿಸಬೇಕು, ಮೈಗೆ ಹಾರ್ನೆಸ್ ಅನ್ನುವ ಪಟ್ಟಿ ಕಟ್ಟಿ ಕೋಲಿನ ತುದಿಯಲ್ಲಿ ಅವರ ಭಾರ ಹೊತ್ತು ಎತ್ತಬೇಕು. ಆ ಭಾರ ಕೈಗೆ ಬಂದಾಗ ಈ ಮಗು ಇವತ್ತು ದಣಿದಿದೆ ಅಂತ ಗೊತ್ತಾಗುತ್ತದೆ. ಗೊತ್ತಾದರೂ ನಿಲ್ಲಿಸದೆ ಹೋದೆ ಅನ್ನುವುದನ್ನು ಮೇಲೆ ಬರೆದಿದ್ದೇನೆ. ಕೋರ್ಸಿಗೆ ಕರೆದರೆ ಅದನ್ನೇ ಹೊಸ ಕೋಚ್‌ಗಳ ಮುಂದೆ ನಿಂತು ಹೇಳುತ್ತೇನೆ, ಒಂದು ಪೈಸೆ ಬೇಡ.

ಅವಳ ಕ್ಷಮೆ ಕೇಳಿದ್ದೇನೆ. ಅವಳ ಅಪ್ಪ ಅಮ್ಮನ ಹತ್ತಿರವೂ ಆ ನಾಲ್ಕು ದಿನದ ವಿಷಯ ಮುಚ್ಚಿಡದೆ ಹೇಳಿದ್ದೇನೆ. ಅವರು ಬೇರೆ ಕೋಚ್ ಹತ್ತಿರ ಹೋಗಬಹುದಿತ್ತು, ಹೋಗಲಿಲ್ಲ. ಅವರ ಒಪ್ಪಿಗೆ ಪಡೆದೇ ಈ ಪತ್ರ ಬರೆದಿದ್ದೇನೆ.

ಇನ್ನೊಂದು ತಿಂಗಳಿಗೆ ಡಾಕ್ಟರ್ ಹೇಳಿದ ಮೂರು ತಿಂಗಳು ಮುಗಿಯುತ್ತವೆ. ಈಗ ಅವಳು ಜನರಿಗೆ ಬಿಟ್ಟ ಹೊತ್ತಿನಲ್ಲಿ, ಜನರ ಗುಂಪಿನ ನಡುವೆ, ರಿಂಕಿನ ಒಂದು ಮೂಲೆಯಲ್ಲಿ ಒಳ ಅಂಚು ಹೊರ ಅಂಚು ಮಾಡುತ್ತಿದ್ದಾಳೆ. ಹಳೆಯ ಕಾಲದ ಎಂಟರ ಆಕಾರ ಕಲಿಸಿದ್ದೇನೆ, ಗೆರೆಯ ಮೇಲೆ ಗೆರೆ ಬಂದಾಗ ಕೂಗಿ ಕರೆದು ತೋರಿಸುತ್ತಾಳೆ. ಮೊನ್ನೆ ಕೇಳಿದಳು, "ನಾನು ಅವತ್ತು ಹೇಳದೇ ಇದ್ದಿದ್ರೆ ಗುಂಪಲ್ಲಿ ಇರ್ತಿದ್ದೆ ಅಲ್ವಾ?" ನಾನು ಏನು ಹೇಳಲಿ? ಅವಳ ಲೆಕ್ಕ ಸರಿಯಾಗಿದೆ. ಆ ಲೆಕ್ಕವನ್ನು ತಪ್ಪು ಮಾಡುವುದು ನಿಮ್ಮಿಂದ ಮಾತ್ರ ಸಾಧ್ಯ.

ಮುಂದಿನ ಆಯ್ಕೆಯ ಪ್ರಕಟಣೆ ಹೊರಡಿಸುವ ಮೊದಲು ಸಮಿತಿ ಸಭೆಯಲ್ಲಿ ಇದನ್ನು ಚರ್ಚೆಗೆ ಇಡಿ. ನನ್ನನ್ನು ಕರೆದರೆ ಬರುತ್ತೇನೆ. ಮತ್ತು ಅವಳ ಟೆಸ್ಟ್‌ಗೆ ಒಂದು ದಿನಾಂಕ ಕೊಡಿ.

ಇತಿ,
ನಿಮ್ಮ ಒಕ್ಕೂಟದ ಲೈಸೆನ್ಸ್ ಇರುವ ಒಬ್ಬ ಕೋಚ್